ಐವತ್ತರ ಹೊಸ್ತಿಲಲ್ಲಿ ಬಂದ ಕರೆ

ಲಂಡನ್ನಿನ ರೀಜೆಂಟ್ ಬೀದಿಯ ಹ್ಯಾಮ್ಲೀಸ್ ಆಟಿಕೆಗಳ ಅಂಗಡಿಯ ಹೆಸರು ನಮ್ಮ ನಗರಗಳ ಮಕ್ಕಳಿಗೂ ಇಂದು ಅಪರಿಚಿತವಲ್ಲ. 1760ರಲ್ಲಿ ಸ್ಥಾಪಿತವಾದ ಆ ಸಂಸ್ಥೆಯನ್ನು 2019ರಲ್ಲಿ ಭಾರತದ ರಿಲಯನ್ಸ್ ಸಮೂಹವೇ ಕೊಂಡುಕೊಂಡಿತು. ಕ್ರಿಸ್‌ಮಸ್ ಹಬ್ಬ ಸಮೀಪಿಸಿತೆಂದರೆ ಆ ಅಂಗಡಿಯಲ್ಲಿ ಕಾಲಿಡಲು ಸ್ಥಳವಿರುವುದಿಲ್ಲ. ಹೆಚ್ಚಿನ ವ್ಯಾಪಾರಕ್ಕಾಗಿ ಕೆಲವು ವಾರಗಳ ಮಟ್ಟಿಗೆ ಹೆಚ್ಚಿನ ಜನರನ್ನು ನೇಮಿಸಿಕೊಳ್ಳುತ್ತಾರೆ. 1970ರ ಸುಮಾರಿಗೆ, ಅಂತಹ ಒಂದು ಹಬ್ಬದ ಕಾಲದಲ್ಲಿ, ಗಿರಾಕಿಗಳಿಗೆ ಗೊಂಬೆಗಳನ್ನು ತೋರಿಸುತ್ತ ನಿಂತಿದ್ದವರಲ್ಲಿ ಐವತ್ತರ ಸಮೀಪಕ್ಕೆ ಬಂದಿದ್ದ ಒಬ್ಬ ಹೆಂಗಸೂ ಇದ್ದಳು. ಗಂಡನಿಂದ ವಿಚ್ಛೇದನವಾಗಿತ್ತು. ಎರಡು ಮಕ್ಕಳನ್ನು ಒಬ್ಬಳೇ ಸಾಕಿದ್ದಳು. ಯಾರೋ ಒಬ್ಬ ತರುಣ ನಿರ್ದೇಶಕನು ಆಕೆಯನ್ನು ಹುಡುಕುತ್ತಿದ್ದಾನೆ, ಟೆಲಿಫೋನ್ ಮಾಡಬೇಕಂತೆ ಎಂಬ ಸುದ್ದಿ ಅಲ್ಲಿಗೆ ಬಂದಿತು.

ಆ ನಿರ್ದೇಶಕನಿಗೆ ಬೇಕಾಗಿದ್ದವಳು ರೂಪವತಿಯಲ್ಲ, ಖ್ಯಾತಿವಂತೆಯೂ ಅಲ್ಲ. ನಡುವಯಸ್ಸಿನ ಒಬ್ಬ ಸಾಮಾನ್ಯ ಹೆಂಗಸು. ಕೈಯಲ್ಲಿ ಬರೆದ ಮಾತುಗಳಿಲ್ಲದೆ, ಪಾತ್ರವೇ ತಾನಾಗಿ ಆ ಕ್ಷಣಕ್ಕೆ ಹೊಳೆದುದನ್ನು ಆಡಿ ತೋರಿಸಬಲ್ಲವಳು. ನಿರ್ದೇಶಕನ ಹೆಸರು ಮೈಕ್ ಲೀ. ಆತನಿಗೆ ಆಗಿನ್ನೂ ಮೂವತ್ತು ತುಂಬಿರಲಿಲ್ಲ. ಮೊದಲ ಚಲನಚಿತ್ರದ ಸಿದ್ಧತೆಯಲ್ಲಿದ್ದ. ಹೆಂಗಸಿನ ಹೆಸರು ಲಿಜ್ ಸ್ಮಿತ್. ಮುಂದಿನ ನಾಲ್ಕು ದಶಕಗಳ ಕಾಲ ಬ್ರಿಟಿಷ್ ಟೆಲಿವಿಷನ್ನಿನ ಅತ್ತೆ, ಅಜ್ಜಿ, ನೆರೆಮನೆಯ ಮುದುಕಿ, ಮನೆಗೆಲಸದಾಕೆಗಳೆಲ್ಲ ಈಕೆಯ ಮುಖವನ್ನೇ ಹೊತ್ತು ಬಂದರೆಂದರೆ ಅತಿಶಯವಾಗಲಾರದು. ನಾಯಕಿಯ ಸ್ಥಾನವೆಂಬುದು ಆಕೆಗೆ ದೊರೆತದ್ದು ತೀರ ಅಪರೂಪ. ಆದರೂ ಆ ದೇಶದ ಮನೆಮನೆಗಳಲ್ಲಿ ಹಲವು ನಾಯಕಿಯರ ಹೆಸರು ಮಾಸಿದ ಮೇಲೂ ಆಕೆಯ ಮುಖ ಮಾಸಲಿಲ್ಲ.

ಆಕೆಯ ಹುಟ್ಟುಹೆಸರು ಬೆಟ್ಟಿ ಗ್ಲೀಡಲ್. ಹುಟ್ಟಿದ್ದು 1921ರ ಡಿಸೆಂಬರ್ 11ರಂದು, ಲಿಂಕನ್‌ಷೈರ್ ಪ್ರಾಂತದ ಸ್ಕನ್‌ಥಾರ್ಪ್ ಎಂಬ ಉಕ್ಕಿನ ಕಾರ್ಖಾನೆಗಳ ಊರಿನಲ್ಲಿ. ಬಾಲ್ಯದ ಕಥೆ ಕೇಳಿದರೆ ಕಾದಂಬರಿಕಾರರೂ ಇಷ್ಟು ಕಷ್ಟವನ್ನು ಒಂದು ಮಗುವಿನ ತಲೆಗೆ ಕಟ್ಟಲು ಹಿಂಜರಿದಾರು. ಎರಡು ವರ್ಷದ ಮಗುವಾಗಿದ್ದಾಗ ತಾಯಿ ಹೆರಿಗೆಯಲ್ಲಿ ತೀರಿಕೊಂಡಳು. ಏಳರ ಪ್ರಾಯದಲ್ಲಿ ತಂದೆ ಮತ್ತೊಬ್ಬಳನ್ನು ಮದುವೆಯಾದ. ಹಳೆಯ ಸಂಸಾರದ ನೆನಪೂ ಉಳಿಯಕೂಡದೆಂಬುದು ಹೊಸ ಹೆಂಡತಿಯ ಇಚ್ಛೆ. ತಂದೆ ಮಗಳ ಬಾಳಿನಿಂದ ಹೊರಟೇಹೋದ. ಉಳಿದವಳು ಅಜ್ಜಿಯೊಬ್ಬಳೇ. ತಬ್ಬಲಿ ಮೊಮ್ಮಗಳನ್ನು ಆ ವಿಧವೆ ಮುದುಕಿ ಸಾಕಿ ಬೆಳೆಸಿದಳು. ಮುಂದೆ ಈಕೆ ಅಭಿನಯಿಸಿದ ಅಜ್ಜಿಯರೆಲ್ಲರ ಹಿಂದೆ ಆ ಅಜ್ಜಿಯ ನೆರಳು ಎಷ್ಟಿದ್ದಿತೋ!

ಅಜ್ಜ ಬದುಕಿದ್ದಾಗ ನಾಲ್ಕು ವರ್ಷದ ಮಗುವನ್ನು ಕೈಹಿಡಿದು ಸಿನಿಮಾಕ್ಕೆ ಕರೆದೊಯ್ಯುತ್ತಿದ್ದ. ಹುಚ್ಚು ಹಿಡಿದದ್ದು ಅಲ್ಲಿಯೇ. ಒಂಬತ್ತನೆಯ ವಯಸ್ಸಿಗೆ ಊರಿನ ಹವ್ಯಾಸಿ ನಾಟಕಗಳಲ್ಲಿ ಬಣ್ಣ ಹಚ್ಚಲಾರಂಭಿಸಿದಳು. ವಿನೋದವೆಂದರೆ, ಆ ಒಂಬತ್ತು ವರ್ಷದ ಹುಡುಗಿಗೆ ಕೊಡುತ್ತಿದ್ದ ಪಾತ್ರಗಳು ಬಹುಮಟ್ಟಿಗೆ ಮುದುಕಿಯರವೇ! ಅಂದು ಅಂಟಿಕೊಂಡ ಬಿಳಿಯ ಕೂದಲು ಐವತ್ತು ವರ್ಷಗಳ ತರುವಾಯ ಅನ್ನ ಕೊಡಲಿದೆಯೆಂದು ಯಾರಿಗೆ ಗೊತ್ತಿತ್ತು?

ಎರಡನೆಯ ಮಹಾಯುದ್ಧ ಬಂದಿತು. ಬೆಟ್ಟಿ ನೌಕಾಪಡೆಯ ಮಹಿಳಾ ದಳವನ್ನು ಸೇರಿದಳು. ಈ ದಳದವರನ್ನು ಜನ ಪ್ರೀತಿಯಿಂದ 'ರೆನ್' ಹಕ್ಕಿಗಳೆಂದು ಕರೆಯುತ್ತಿದ್ದರು. ಸೇವೆಯ ನಿಮಿತ್ತ ಭಾರತಕ್ಕೂ ಬಂದಳು. ಮುಂದೆ ಕೈಹಿಡಿದವನ ಪರಿಚಯವಾದದ್ದು ಇಲ್ಲಿಯೇ. ಯುದ್ಧ ಮುಗಿಯುವ ವೇಳೆಗೆ ಮದುವೆ. ಬಳಿಕ ಒಂದು ಹೆಣ್ಣು, ಒಂದು ಗಂಡು. 1959ರಲ್ಲಿ ವಿಚ್ಛೇದನ. ಅಂದಿನ ಇಂಗ್ಲೆಂಡಿನಲ್ಲಿ ವಿಚ್ಛೇದನವೆಂಬುದು ಇಂದಿನಷ್ಟು ಹಗುರವಾದ ಮಾತಾಗಿರಲಿಲ್ಲ. ಗಂಡಹೆಂಡಿರಲ್ಲಿ ಒಬ್ಬರ ತಪ್ಪನ್ನು ನ್ಯಾಯಾಲಯದ ಮುಂದೆ ರುಜುವಾತು ಮಾಡಿದ ಹೊರತು ಬಿಡುಗಡೆ ದೊರೆಯುತ್ತಿರಲಿಲ್ಲ. ಆ ಕಟ್ಟನ್ನು ಸಡಿಲಿಸಿದ ಶಾಸನ ಬಂದದ್ದು 1969ರಲ್ಲಿ. ಒಂಟಿ ತಾಯಿಯನ್ನು ನೆರೆಹೊರೆಯವರು ನೋಡುತ್ತಿದ್ದ ದೃಷ್ಟಿ ಎಂತಹುದೆಂದು ಇಲ್ಲಿಯವರಿಗೆ ವಿವರಿಸಿ ಹೇಳಬೇಕಾಗಿಲ್ಲ.

ಮಕ್ಕಳ ಹೊಟ್ಟೆ ತುಂಬಬೇಕಲ್ಲ! ಸಿಕ್ಕಿದ ಕೆಲಸವನ್ನೆಲ್ಲ ಮಾಡಿದಳು. ಪ್ಲಾಸ್ಟಿಕ್ ಚೀಲಗಳ ಕಾರ್ಖಾನೆಯಲ್ಲಿ ಚೀಲಗಳು ಸರಿಯಾಗಿವೆಯೇ ಎಂದು ಪರೀಕ್ಷಿಸುವ ಕೆಲಸ. ಬೇಸಿಗೆಯಲ್ಲಿ ಬಟ್ಲಿನ್ಸ್ ವಿಹಾರ ಶಿಬಿರಗಳಲ್ಲಿ ಜನರನ್ನು ನಗಿಸುವ ಕೆಲಸ. ಚಳಿಗಾಲದಲ್ಲಿ ಅಂಗಡಿಯ ಮಾರಾಟ. ಇವುಗಳ ನಡುವೆ ಸಂಜೆಯ ಹೊತ್ತು ಮಾತ್ರ ಆಕೆಯದಾಗಿತ್ತು. ಆ ಸಂಜೆಗಳನ್ನು ಆಕೆ ಏನು ಮಾಡಿದಳೆಂಬುದರಲ್ಲಿಯೇ ಮುಂದಿನ ಕಥೆಯ ಬೀಜವಿದೆ.

ಚಾರ್ಲ್ಸ್ ಮಾರೋವಿಟ್ಸ್ ಎಂಬ ಅಮೆರಿಕನ್ ರಂಗನಿರ್ದೇಶಕನು ಆ ಕಾಲದಲ್ಲಿ ಲಂಡನ್ನಿಗೆ ಬಂದು ನೆಲೆಸಿದ್ದ. 1964ರಲ್ಲಿ ಪೀಟರ್ ಬ್ರೂಕ್‌ನೊಡನೆ ಸೇರಿ ನಡೆಸಿದ ರಂಗಪ್ರಯೋಗಗಳಿಂದಲೂ 1968ರಲ್ಲಿ ಕಟ್ಟಿದ 'ಓಪನ್ ಸ್ಪೇಸ್' ರಂಗಮಂದಿರದಿಂದಲೂ ಹೆಸರಾದವನು. ಬಾಯಿಪಾಠ ಮಾಡಿದ ಮಾತನ್ನು ಒಪ್ಪಿಸುವುದೇ ನಟನೆಯೆಂಬ ನಂಬಿಕೆ ಆತನಿಗಿರಲಿಲ್ಲ. ಪಾತ್ರದ ಒಳಗನ್ನು ಹೊಕ್ಕು, ಮಾತನ್ನು ಅಲ್ಲಿಂದ ಹುಟ್ಟಿಸಿಕೊಳ್ಳಬೇಕೆಂಬ ಪಾಠ ಆತನದು. ಲಿಜ್ ಸ್ಮಿತ್ ಆತನ ತಂಡವನ್ನು ಸೇರಿ, ಹಗಲೆಲ್ಲ ದುಡಿದ ಮೈಯನ್ನು ಸಂಜೆಗೆ ಎಳೆದುಕೊಂಡು ಹೋಗಿ, ವರ್ಷಾನುಗಟ್ಟಲೆ ಅಭ್ಯಾಸ ಮಾಡಿದಳು. ಇದರಿಂದ ಹಣ ಬರಲಿಲ್ಲ, ಪತ್ರಿಕೆಯವರು ಬರೆಯಲಿಲ್ಲ. ಮಕ್ಕಳನ್ನು ಬಿಟ್ಟು ಸಂಜೆ ನಾಟಕಕ್ಕೆ ಹೋಗುವ ಹೆಂಗಸಿನ ವಿಷಯದಲ್ಲಿ ನಾಲ್ಕು ಜನ ನಾಲ್ಕು ಮಾತು ಆಡಿರಲೂಬಹುದು. ಆದರೆ ಮೈಕ್ ಲೀ ಹುಡುಕುತ್ತಿದ್ದದ್ದು ನಿಖರವಾಗಿ ಈ ವಿದ್ಯೆಯನ್ನೇ. ಅದೃಷ್ಟ ಬಾಗಿಲು ತಟ್ಟಿತೆಂದು ಹೇಳುವುದು ಸುಲಭ. ಬಾಗಿಲ ಹಿಂದೆ ಹತ್ತು ವರ್ಷಕ್ಕೂ ಮಿಕ್ಕಿದ ಸಂಜೆಗಳು ಕಾದಿದ್ದವೆಂಬುದನ್ನೂ ಅದರೊಡನೆ ಹೇಳಬೇಕು.

ಮೈಕ್ ಲೀಯ ಪದ್ಧತಿ ಇಂದು ಲೋಕಪ್ರಸಿದ್ಧವಾಗಿದೆ. ಕಥೆಯನ್ನು ಬರೆದಿಟ್ಟುಕೊಂಡು ನಟರನ್ನು ಕರೆಯುವ ಪರಿಪಾಠ ಆತನದಲ್ಲ. ಮೊದಲು ನಟರನ್ನು ಕರೆದು, ಪ್ರತಿಯೊಬ್ಬರೂ ತಾವು ಬಲ್ಲ ನಿಜವಾದ ವ್ಯಕ್ತಿಗಳನ್ನು ನೆನೆಯುವಂತೆ ಹೇಳಿ, ಅವರ ನಡೆನುಡಿಗಳಿಂದ ಪಾತ್ರವನ್ನು ತಿದ್ದಿ ರೂಪಿಸುತ್ತಾನೆ. ವಾರಗಟ್ಟಲೆ, ಕೆಲವೊಮ್ಮೆ ತಿಂಗಳುಗಟ್ಟಲೆ ಆ ಪಾತ್ರಗಳು ಒಂದನ್ನೊಂದು ಸಂಧಿಸಿ, ಜಗಳವಾಡಿ, ಸುಮ್ಮನೆ ಕುಳಿತು ಕಾಲ ಕಳೆದ ಮೇಲೆ ಕಥೆ ಒಂದು ಆಕಾರಕ್ಕೆ ಬರುತ್ತದೆ. ಈ ರೀತಿ ಸಿದ್ಧವಾದ 'ಬ್ಲೀಕ್ ಮೊಮೆಂಟ್ಸ್' ಚಿತ್ರ 1971ರಲ್ಲಿ ಹೊರಬಿದ್ದಿತು. ಖ್ಯಾತ ನಟ ಆಲ್ಬರ್ಟ್ ಫಿನಿಯ ಸಂಸ್ಥೆ ಹಣ ಒದಗಿಸಿದ್ದಿತು. ಮರುವರ್ಷ ಸ್ವಿಟ್ಜರ್ಲೆಂಡಿನ ಲೊಕಾರ್ನೊ ಉತ್ಸವದಲ್ಲಿ ಅಗ್ರ ಬಹುಮಾನವೂ ಬಂದಿತು. ಅದರಲ್ಲಿ ಲಿಜ್ ಸ್ಮಿತ್‌ಗೆ ದೊರೆತದ್ದು ನಾಯಕಿಯ ಸಹೋದ್ಯೋಗಿಯೊಬ್ಬಳ ತಾಯಿಯ ಸಣ್ಣ ಪಾತ್ರ. ಸಣ್ಣದಾದರೇನು, ನಿರ್ದೇಶಕನ ಕಣ್ಣಿಗೆ ಬೀಳಬೇಕಾದುದು ಬಿದ್ದಿತು.

ಎರಡು ವರ್ಷಗಳ ತರುವಾಯ ಆತನು ಬಿ.ಬಿ.ಸಿ.ಗಾಗಿ 'ಹಾರ್ಡ್ ಲೇಬರ್' ಎಂಬ ಟೆಲಿವಿಷನ್ ಚಿತ್ರವನ್ನು ಮಾಡಿದನು. ವಾರಕ್ಕೊಂದರಂತೆ ಹೊಸ ನಾಟಕಗಳನ್ನು ಮನೆಮನೆಗೆ ತಲುಪಿಸುತ್ತಿದ್ದ 'ಪ್ಲೇ ಫಾರ್ ಟುಡೇ' ಮಾಲೆಯಲ್ಲಿ, 1973ರ ಮಾರ್ಚ್ ತಿಂಗಳಲ್ಲಿ, ಅದು ಪ್ರಸಾರವಾಯಿತು. ಚಿತ್ರೀಕರಣವಾದದ್ದು ಮೈಕ್ ಲೀ ಬೆಳೆದ ಸಾಲ್‌ಫರ್ಡ್ ಪಟ್ಟಣದಲ್ಲಿ. ಇದರ ಮುಖ್ಯ ಪಾತ್ರ ಮಿಸೆಸ್ ಥಾರ್ನ್‌ಲಿ. ಊರವರ ಮನೆಗಳನ್ನು ಗುಡಿಸಿ ಒರೆಸುವ ನಡುವಯಸ್ಸಿನ ಹೆಂಗಸು. ಲಿಜ್ ಸ್ಮಿತ್‌ಳ ಜೀವಮಾನದಲ್ಲಿ ಕಥೆಯ ಭಾರವೆಲ್ಲವೂ ಹೆಗಲ ಮೇಲೆ ಬಿದ್ದ ಬೆರಳೆಣಿಕೆಯ ಪಾತ್ರಗಳಲ್ಲಿ ಇದೊಂದು. ಈ ಚಿತ್ರವನ್ನು ಕುರಿತು ಸ್ವಲ್ಪ ವಿಸ್ತಾರವಾಗಿಯೇ ಹೇಳಬೇಕು. ಏಕೆಂದರೆ ಆಕೆಯನ್ನು ಕೇವಲ ನಗಿಸುವ ಮುದುಕಿಯೆಂದು ತಿಳಿದವರಿಗೆ ಇದರ ಗುರುತೇ ಇಲ್ಲ.

ಮಿಸೆಸ್ ಥಾರ್ನ್‌ಲಿ ಶ್ರೀಮಂತ ಗೃಹಿಣಿಯ ಮನೆಯಲ್ಲಿ ಮೊಣಕಾಲೂರಿ ಉಜ್ಜುತ್ತಾಳೆ. ತನ್ನ ಮನೆಗೆ ಬಂದು ಅಲ್ಲಿಯೂ ಅದೇ ಕೆಲಸ. ಗಂಡ ರಾತ್ರಿಯ ಕಾವಲುಗಾರ; ಸಿಡುಕು ಮೋರೆಯವನು. ಮಗ, ಸೊಸೆ, ಮಗಳು ಇದ್ದಾರೆ. ಯಾರೂ ಆಕೆಯನ್ನು ಹೊಡೆಯುವುದಿಲ್ಲ, ಬಯ್ಯುವುದೂ ಹೆಚ್ಚಿಲ್ಲ. ಆಕೆ ಇದ್ದಾಳೆಂಬುದನ್ನೇ ಯಾರೂ ಗಮನಿಸುವುದಿಲ್ಲ, ಅಷ್ಟೇ. ನೋವೆಂದು ಮುಲುಗುವ ಗಂಡನ ರೋಮಭರಿತ ಬೆನ್ನಿಗೆ ತೈಲ ಹಚ್ಚಿ ತಿಕ್ಕುವ ಒಂದು ದೃಶ್ಯವಿದೆ. ಮಾತಿಲ್ಲ. ಆಕೆಯ ಮುಖದಲ್ಲಿ ಕೋಪವಿಲ್ಲ, ಪ್ರೀತಿಯೂ ಇಲ್ಲ. ಉಜ್ಜಬೇಕಾದ ನೆಲವನ್ನು ಉಜ್ಜಿದಂತೆ ಆ ಬೆನ್ನನ್ನೂ ಉಜ್ಜುತ್ತಾಳೆ. ಕೊನೆಗೆ ಚರ್ಚಿಗೆ ಹೋಗಿ ಪಾದ್ರಿಯ ಮುಂದೆ ಪಾಪನಿವೇದನೆ ಮಾಡಿಕೊಳ್ಳುವಾಗ ಮಾತ್ರ ಆ ಮುಚ್ಚಿದ ಬಾಯಿಯಿಂದ ಒಂದು ಮಾತು ಹೊರಡುತ್ತದೆ: ತನ್ನವರನ್ನು ಸಾಕಷ್ಟು ಪ್ರೀತಿಸಲು ತನ್ನಿಂದ ಆಗುತ್ತಿಲ್ಲವೆಂದು. ಇಡೀ ಚಿತ್ರದಲ್ಲಿ ಒಬ್ಬರೂ ಆಕೆಯನ್ನು ಪ್ರೀತಿಸಿದ್ದನ್ನು ನೋಡದ ಪ್ರೇಕ್ಷಕನಿಗೆ ಆ ಮಾತು ಎದೆಗೆ ನಾಟುತ್ತದೆ. (ಇದೇ ಚಿತ್ರದಲ್ಲಿ ನಸೀಮ್ ಎಂಬ ಟ್ಯಾಕ್ಸಿ ಚಾಲಕನಾಗಿ ಬರುವ ತರುಣನನ್ನು ಭಾರತೀಯರು ಮರೆಯುವಂತಿಲ್ಲ. ಆತ ಬೆನ್ ಕಿಂಗ್‌ಸ್ಲಿ; 1982ರಲ್ಲಿ ಗಾಂಧೀಜಿಯ ಪಾತ್ರ ವಹಿಸಿದವನು.)

ಇಂತಹ ಒಂದು ಪಾತ್ರದ ತರುವಾಯ ಗಂಭೀರ ನಾಟಕಗಳ ಸರಣಿಯೇ ಹರಿದು ಬರಬೇಕಾಗಿತ್ತು. ಬರಲಿಲ್ಲ. ಟೆಲಿವಿಷನ್ ಲೋಕದ ನ್ಯಾಯವೇ ಬೇರೆ. ಐವತ್ತು ದಾಟಿದ ಹೆಣ್ಣಿಗೆ ಅಲ್ಲಿ ಎರಡೇ ಕುರ್ಚಿಗಳು: ಒಂದು ತಾಯಿಯದು, ಇನ್ನೊಂದು ಅಜ್ಜಿಯದು. ಗಂಡು ನಟನಾದರೆ ಅದೇ ವಯಸ್ಸಿನಲ್ಲಿ ಪತ್ತೇದಾರನಾಗುತ್ತಾನೆ, ವೈದ್ಯನಾಗುತ್ತಾನೆ, ಮಂತ್ರಿಯಾಗುತ್ತಾನೆ. ಲಿಜ್ ಸ್ಮಿತ್ ಈ ಅನ್ಯಾಯದ ವಿರುದ್ಧ ಭಾಷಣ ಮಾಡುತ್ತ ಕೂಡಲಿಲ್ಲ. ಕೊಟ್ಟ ಕುರ್ಚಿಯಲ್ಲಿ ಕುಳಿತು, ನೋಡುವವರ ಕಣ್ಣು ನಾಯಕನಿಂದ ತನ್ನೆಡೆಗೆ ಹೊರಳುವಂತೆ ಮಾಡಿದಳು.

ಪೀಟರ್ ಟಿನಿಸ್‌ವುಡ್ ಬರೆದ 'ಐ ಡಿಡ್‌ಂಟ್ ನೋ ಯೂ ಕೇರ್ಡ್' ಎಂಬ ಹಾಸ್ಯಮಾಲೆ 1975ರಿಂದ 1979ರವರೆಗೆ ಬಿ.ಬಿ.ಸಿ.ಯಲ್ಲಿ ಬಂದಿತು. ಉತ್ತರ ಇಂಗ್ಲೆಂಡಿನ ಒಂದು ಕುಟುಂಬದ ಕಥೆ. ಅಲ್ಲಿ ಈಕೆ ಮನೆಯೊಡತಿ. ಅಂದಿನ ಹಾಸ್ಯಮಾಲೆಗಳು ಸಿದ್ಧವಾಗುತ್ತಿದ್ದ ಬಗೆಯನ್ನು ಇಲ್ಲಿ ಹೇಳಿದರೆ ಅಪ್ರಸ್ತುತವಾಗದು. ಅರ್ಧ ಗಂಟೆಯ ಒಂದು ಕಂತಿಗೆ ವಾರದ ತಾಲೀಮು. ಲಂಡನ್ನಿನ ಆಕ್ಟನ್ ಎಂಬಲ್ಲಿ ಬಿ.ಬಿ.ಸಿ.ಯವರದೇ ಬಹುಮಹಡಿಯ ತಾಲೀಮು ಭವನವಿದ್ದಿತು. ಅಲ್ಲಿನ ಖಾಲಿ ಕೊಠಡಿಯ ನೆಲದ ಮೇಲೆ ಬಣ್ಣದ ಪಟ್ಟಿಗಳನ್ನು ಅಂಟಿಸಿ, ಇದು ಬಾಗಿಲು, ಇದು ಒಲೆ, ಇದು ಮೆಟ್ಟಿಲು ಎಂದು ಗುರುತು ಮಾಡಿಕೊಂಡು ನಟರು ಅಭ್ಯಾಸ ಮಾಡುತ್ತಿದ್ದರು. ವಾರದ ಕೊನೆಗೆ ಸ್ಟುಡಿಯೋ; ಎದುರಿಗೆ ಆಹ್ವಾನಿತ ಪ್ರೇಕ್ಷಕರು; ಸಂಜೆಯ ಒಂದೆರಡು ಗಂಟೆಗಳಲ್ಲಿ ಕಂತು ಮುದ್ರಣವಾಗಿಬಿಡಬೇಕು. ಪ್ರೇಕ್ಷಕರು ನಕ್ಕಾಗ ನಟರು ತಡೆಯಬೇಕು; ನಗದಿದ್ದರೆ ತಡೆಯದೆ ಸಾಗಬೇಕು. ನಾಟಕದ ಕಿವಿ, ಕ್ಯಾಮರಾದ ಕಣ್ಣು ಎರಡೂ ಒಟ್ಟಿಗೆ ಇಲ್ಲದವರಿಗೆ ಇದು ಸಾಧ್ಯವಿಲ್ಲದ ಕೆಲಸ. ಪೋಷಕ ನಟಿಗೆ ಒಂದು ಕಂತಿನಲ್ಲಿ ಹತ್ತು ಮಾತು ಇದ್ದರೆ ಅದೇ ಹೆಚ್ಚು. ಆ ಹತ್ತು ಮಾತಿಗಾಗಿ ವಾರವೆಲ್ಲ ಪಟ್ಟಿಗಳ ನಡುವೆ ಕಾದು ಕೂರಬೇಕು.

1984ರಲ್ಲಿ ಬಂದ 'ಎ ಪ್ರೈವೇಟ್ ಫಂಕ್ಷನ್' ಟೆಲಿವಿಷನ್ನಿನದಲ್ಲ, ಬೆಳ್ಳಿತೆರೆಯದು. ಆದರೂ ಅದನ್ನು ಬಿಟ್ಟರೆ ಈ ಕಥೆ ಪೂರ್ತಿಯಾಗದು. ಆಲನ್ ಬೆನೆಟ್ ಬರೆದ ಕಥೆ ನಡೆಯುವುದು 1947ರ ಯಾರ್ಕ್‌ಷೈರ್‌ನಲ್ಲಿ. ಯುದ್ಧ ಗೆದ್ದ ಬ್ರಿಟನ್ನಿನಲ್ಲಿ ಮಾಂಸ, ಬೆಣ್ಣೆ, ಸಕ್ಕರೆಗಳಿಗೆಲ್ಲ ಪಡಿತರ ಚೀಟಿ. ಆಹಾರದ ಪಡಿತರ ಅಲ್ಲಿ ಪೂರ್ಣವಾಗಿ ತೊಲಗಿದ್ದು 1954ರಲ್ಲಿ. ರಾಜಕುಮಾರಿ ಎಲಿಜಬೆತಳ ವಿವಾಹದ ಸಂಭ್ರಮಕ್ಕೆಂದು ಊರಿನ ಗಣ್ಯರು ಒಂದು ಹಂದಿಯನ್ನು ಕಾನೂನಿನ ಕಣ್ಣು ತಪ್ಪಿಸಿ ಕೊಬ್ಬಿಸುತ್ತಿರುತ್ತಾರೆ. ಪಾದದ ಆಣಿ, ಉಗುರುಗಳಿಗೆ ಚಿಕಿತ್ಸೆ ಮಾಡುವ ಒಬ್ಬ ಸಾಧು ಮನುಷ್ಯ ಅದನ್ನು ಕದ್ದು ಮನೆಯೊಳಗೆ ತಂದು ಬಚ್ಚಿಡುತ್ತಾನೆ. ಆತನ ಪಾತ್ರ ಮೈಕಲ್ ಪೇಲಿನ್‌ನದು, ಪ್ರತಿಷ್ಠೆಯ ಹಸಿವಿನ ಹೆಂಡತಿಯ ಪಾತ್ರ ಮ್ಯಾಗಿ ಸ್ಮಿತ್‌ಳದು. ಆಕೆಯ ಅರೆಮರವಿನ ಮುದಿ ತಾಯಿ ಲಿಜ್ ಸ್ಮಿತ್. ನಿಜದಲ್ಲಿ 'ತಾಯಿ'ಗೂ 'ಮಗಳಿ'ಗೂ ಇದ್ದ ಅಂತರ ಕೇವಲ ಹದಿಮೂರು ವರ್ಷ! ಹಂದಿಗೆ ಚಿತ್ರದಲ್ಲಿ ಇಟ್ಟ ಹೆಸರು ಬೆಟ್ಟಿ. ಹುಟ್ಟುಹೆಸರು ಬೆಟ್ಟಿಯಾಗಿದ್ದ ನಟಿಗೆ ಅದನ್ನು ಕೇಳಿ ಎಷ್ಟು ನಗೆ ಬಂದಿರಬೇಕು! ಆ ವರ್ಷದ ಬಾಫ್ಟಾ ಪ್ರಶಸ್ತಿಗಳಲ್ಲಿ ಶ್ರೇಷ್ಠ ನಟಿ ಮ್ಯಾಗಿ ಸ್ಮಿತ್. ಶ್ರೇಷ್ಠ ಪೋಷಕ ನಟಿ ಲಿಜ್ ಸ್ಮಿತ್. ಪೋಷಕ ನಟನ ಪ್ರಶಸ್ತಿಯೂ ಅದೇ ಚಿತ್ರದ ಡೆನ್‌ಹೋಮ್ ಎಲಿಯಟ್‌ಗೆ ಬಂದಿತು. ಆಗ ಲಿಜ್ ಸ್ಮಿತ್‌ಳ ವಯಸ್ಸು ಅರವತ್ತಮೂರು.

ಅಲ್ಲಿಂದ ಮುಂದೆ ಬಿಡುವೆಂಬುದಿರಲಿಲ್ಲ. ಎಲ್ಲವನ್ನೂ ಪಟ್ಟಿ ಮಾಡಿ ಪ್ರಯೋಜನವಿಲ್ಲ. 1986ರ 'ದಿ ಲೈಫ್ ಅಂಡ್ ಲವ್ಸ್ ಆಫ್ ಎ ಷೀ-ಡೆವಿಲ್'ನಲ್ಲಿ ವೈಭವದ ಲೇಖಕಿಯೊಬ್ಬಳ ಹರುಕುಬಾಯಿಯ ತಾಯಿ. ತೊಂಬತ್ತರ ದಶಕದ '2 ಪಾಯಿಂಟ್ 4 ಚಿಲ್ಡ್ರನ್' ಹಾಸ್ಯಮಾಲೆಯಲ್ಲಿ ನಾಯಕಿಯ ತಾಯಿ. ಡಿಕೆನ್ಸನ 'ಎ ಕ್ರಿಸ್‌ಮಸ್ ಕ್ಯಾರಲ್' ಕಥೆಯ ಮಿಸೆಸ್ ಡಿಲ್ಬರ್‌ಳನ್ನು, ಸತ್ತ ಯಜಮಾನನ ಹಾಸಿಗೆಯ ಪರದೆಯನ್ನೂ ಬಿಡದೆ ಮಾರುವ ಆ ಗಟ್ಟಿಗಿತ್ತಿಯನ್ನು, 1984ರಲ್ಲಿ ಒಮ್ಮೆ, 1999ರಲ್ಲಿ ಇನ್ನೊಮ್ಮೆ, ಎರಡು ಬೇರೆ ಬೇರೆ ಚಿತ್ರಗಳಲ್ಲಿ ಅಭಿನಯಿಸಿದಳು. ಹದಿನೈದು ವರ್ಷಗಳ ಅಂತರದಲ್ಲಿ ಸ್ಕ್ರೂಜ್ ಬದಲಾದ, ನಿರ್ದೇಶಕ ಬದಲಾದ. ಡಿಲ್ಬರ್ ಮಾತ್ರ ಬದಲಾಗಲಿಲ್ಲ.

1994ರಲ್ಲಿ ಇಂಗ್ಲೆಂಡಿನ ಚರ್ಚು ಮೊಟ್ಟಮೊದಲ ಬಾರಿಗೆ ಸ್ತ್ರೀಯರಿಗೆ ಪಾದ್ರಿಯ ದೀಕ್ಷೆ ಕೊಟ್ಟಿತು. ದೇಶದಲ್ಲೆಲ್ಲ ವಾದವಿವಾದ. ಅದೇ ವರ್ಷ ನವೆಂಬರಿನಲ್ಲಿ ರಿಚರ್ಡ್ ಕರ್ಟಿಸ್ ಬರೆದ 'ದಿ ವಿಕರ್ ಆಫ್ ಡಿಬ್ಲಿ' ಆರಂಭವಾಯಿತು: ಒಂದು ಹಳೆಯ ಹಳ್ಳಿಗೆ ಹೆಣ್ಣು ಪಾದ್ರಿಯೊಬ್ಬಳು ಬರುತ್ತಾಳೆ. ಪಾದ್ರಿಯಾಗಿ ಡಾನ್ ಫ್ರೆಂಚ್ ಎಂಬ ನಟಿ. ಚರ್ಚಿಗೆ ಹೂವು ಜೋಡಿಸುವ ಲೆಟೀಷಿಯಾ ಕ್ರಾಪ್ಲಿ ಎಂಬ ಮುದುಕಿಯ ಪಾತ್ರ ಲಿಜ್ ಸ್ಮಿತ್‌ಳದು. ಈ ಮುದುಕಿಗೆ ಅಡಿಗೆಯ ಹುಚ್ಚು; ಕೈಗುಣವೋ ಕೇಳಬೇಡಿ. ಕೇಕಿನ ಮೇಲೆ ಸಕ್ಕರೆಯ ಬದಲು ಉಪ್ಪಿನಕಾಯಿಯಂತಹ ಪದಾರ್ಥ, ಸಿಹಿತಿಂಡಿಗೆ ಗೆಡ್ಡೆ. ಸಭೆಗೆ ಬಂದವರಿಗೆಲ್ಲ ಉಪಚಾರ ಮಾಡಿ ಬಡಿಸುತ್ತಾಳೆ. ಬೇಡವೆನ್ನುವ ಧೈರ್ಯ ಯಾರಿಗೂ ಇಲ್ಲ. ತಾನು ಬಡಿಸುತ್ತಿರುವುದು ಅಮೃತವೇ ಎಂಬ ನಿಷ್ಕಪಟವಾದ ನಂಬಿಕೆ ಆಕೆಯ ಮುಖದಲ್ಲಿ ಎಳ್ಳಷ್ಟೂ ಅಲುಗದೆ ಇದ್ದುದರಿಂದಲೇ ಆ ಹಾಸ್ಯ ನಿಂತಿತು. ತಾನೇ ನಕ್ಕುಬಿಡುವ ನಟಿಯ ಕೈಯಲ್ಲಿ ಅದು ಕೆಟ್ಟಿರುತ್ತಿತ್ತು.

1996ರ ಈಸ್ಟರ್ ಹಬ್ಬದ ವಿಶೇಷ ಕಂತಿನಲ್ಲಿ ಕಥೆಗಾರರು ಕ್ರಾಪ್ಲಿ ಮುದುಕಿಯನ್ನು ಸಾಯಿಸಿದರು. ಪ್ರತಿ ವರ್ಷವೂ ರಾತ್ರಿ ಗುಟ್ಟಾಗಿ ಹಳ್ಳಿಯ ಮನೆಗಳ ಬಾಗಿಲಿಗೆ ಈಸ್ಟರ್ ಮೊಟ್ಟೆಯ ಮಿಠಾಯಿಗಳನ್ನು ಇಟ್ಟು ಹೋಗುತ್ತಿದ್ದ 'ಈಸ್ಟರ್ ಮೊಲ' ತಾನೇ ಎಂದು ಮರಣಶಯ್ಯೆಯಲ್ಲಿ ಆಕೆ ಹೇಳುತ್ತಾಳೆ. ಆ ಕೆಲಸವನ್ನು ನಿಲ್ಲಿಸಬೇಡಿರೆಂದು ಬೇಡಿಕೊಳ್ಳುತ್ತಾಳೆ. ಒಬ್ಬೊಬ್ಬರಿಗೂ ಬೇರೆ ಬೇರೆಯಾಗಿ ಅದೇ ಮಾತನ್ನು ಹೇಳಿದ್ದರಿಂದ, ಆ ರಾತ್ರಿ ಹಳ್ಳಿಯ ಹಿರಿಯರೆಲ್ಲ ಮೊಲದ ವೇಷ ಹಾಕಿಕೊಂಡು ಬೀದಿಯಲ್ಲಿ ಒಬ್ಬರಿಗೊಬ್ಬರು ಎದುರಾಗುತ್ತಾರೆ. ಕಥೆಗೆ ಒಳ್ಳೆಯ ಮುಕ್ತಾಯವೇ ಸರಿ. ಆದರೆ ಎಪ್ಪತ್ತನಾಲ್ಕು ವರ್ಷದ ನಟಿಯ ದೃಷ್ಟಿಯಿಂದ ನೋಡಿದರೆ, ಜನಪ್ರಿಯವಾಗಿ ಓಡುತ್ತಿದ್ದ ಮಾಲೆಯೊಂದರಿಂದ ಅರ್ಧದಾರಿಯಲ್ಲಿ ಇಳಿಸಿದಂತಾಯಿತು. ಆ ವಯಸ್ಸಿನಲ್ಲಿ ಮತ್ತೊಂದು ಗಾಡಿ ಬರುವುದೆಂಬ ಭರವಸೆ ಯಾರಿಗಿರುತ್ತದೆ? ಮಾಲೆ ಆಕೆಯಿಲ್ಲದೆ ಬಹುಕಾಲ ಮುಂದುವರಿಯಿತು. ಪೋಷಕ ಪಾತ್ರದ ಬಾಳು ಎಂದಿಗೂ ಬರಹಗಾರನ ಲೇಖನಿಯ ತುದಿಯಲ್ಲಿಯೇ ತೂಗುತ್ತಿರುತ್ತದೆ.

ಗಾಡಿ ಬಂದಿತು. 1998ರ ಸೆಪ್ಟೆಂಬರಿನಲ್ಲಿ ಬಿ.ಬಿ.ಸಿ.ಯ ಎರಡನೆಯ ವಾಹಿನಿಯಲ್ಲಿ 'ದಿ ರಾಯ್ಲ್ ಫ್ಯಾಮಿಲಿ' ಎಂಬ ಹಾಸ್ಯಮಾಲೆ ಆರಂಭವಾಯಿತು. ಹೆಸರಿನಲ್ಲೇ ಒಂದು ಶ್ಲೇಷೆಯಿದೆ: ಕಿವಿಗೆ ರಾಜಮನೆತನ, ಕಣ್ಣಿಗೆ ಮ್ಯಾಂಚೆಸ್ಟರಿನ ಒಂದು ಬಡ ಕುಟುಂಬ. ಬರೆದವರು ಕೆರೊಲೀನ್ ಅಹರ್ನ್, ಕ್ರೇಗ್ ಕ್ಯಾಶ್ ಮತ್ತು ಅವರ ಸಂಗಡಿಗರು; ಮಗಳು ಅಳಿಯಂದಿರಾಗಿ ಅವರಿಬ್ಬರೇ ಅಭಿನಯಿಸಿದರು. ಕಥೆಯಲ್ಲಿ ಏನು ನಡೆಯುತ್ತದೆಂದರೆ, ಬಹುಮಟ್ಟಿಗೆ ಏನೂ ನಡೆಯುವುದಿಲ್ಲ. ಒಂದು ಕೋಣೆ, ಒಂದು ಸೋಫಾ, ಒಂದು ಆರಾಮಕುರ್ಚಿ. ಮನೆಯವರೆಲ್ಲ ಟೆಲಿವಿಷನ್ ನೋಡುತ್ತ ಕುಳಿತು ಚಹ ಕುಡಿಯುತ್ತಾರೆ, ಸಿಗರೇಟು ಸೇದುತ್ತಾರೆ, ಹಾಳುಹರಟೆ ಕೊಚ್ಚುತ್ತಾರೆ. ಸ್ಟುಡಿಯೋ ಪ್ರೇಕ್ಷಕರಿಲ್ಲ, ಮುದ್ರಿತ ನಗುವಿಲ್ಲ. ಹಾಸ್ಯಮಾಲೆಯೆಂದರೆ ನಗುವಿನ ಸದ್ದು ಇರಲೇಬೇಕೆಂದು ನಂಬಿದ್ದ ಕಾಲದಲ್ಲಿ ಇದು ಸಾಹಸವೇ. ಜನ ಒಪ್ಪಿದರು, ಮರುವರ್ಷ ಮಾಲೆ ಮೊದಲ ವಾಹಿನಿಗೇ ಏರಿತು.

ಈ ಮನೆಯ ಅಜ್ಜಿ ನಾರ್ಮಾ ಸ್ಪೀಕ್‌ಮನ್. ಎಲ್ಲರ ಬಾಯಲ್ಲೂ 'ನಾನಾ'. ಮಗಳು ಬಾರ್ಬರಾ ಆಗಿ ಸೂ ಜಾನ್‌ಸ್ಟನ್, ಅಳಿಯ ಜಿಮ್ ಆಗಿ ರಿಕಿ ಟಾಮ್ಲಿನ್‌ಸನ್. ಅತ್ತೆಗೂ ಅಳಿಯನಿಗೂ ಎಣ್ಣೆ ಸೀಗೆಕಾಯಿ. ಅಜ್ಜಿ ತನ್ನ ಕಣ್ಣಿನ ಪೊರೆಯ ಚಿಕಿತ್ಸೆ, ಹೊಟ್ಟೆಯ ತೊಂದರೆ, ತೀರಿಹೋದ ನೆರೆಯವರ ಸುದ್ದಿ ಇವುಗಳನ್ನು ಒಂದೊಂದಾಗಿ ಬಿಚ್ಚುತ್ತ ಕುಳಿತರೆ ಅಳಿಯನ ಮುಖ ಹುಳ್ಳಗಾಗುತ್ತದೆ. ಮೊಮ್ಮಗನ ಗೆಳತಿ ಮಾಂಸ ತಿನ್ನುವವಳಲ್ಲವೆಂದು ತಿಳಿದಾಗ, ಹಾಳೆಯಷ್ಟು ತೆಳ್ಳಗೆ ಕೊಯ್ದ ಹಂದಿಮಾಂಸವಾದರೆ ಆದೀತೇ ಎಂದು ಬಹಳ ಕಾಳಜಿಯಿಂದ ಈ ಅಜ್ಜಿ ಕೇಳುತ್ತಾಳೆ. ಪರದೇಶಕ್ಕೆ ಹೋಗಿ ಊಟಕ್ಕೆ ಪರದಾಡಿದ ನಮ್ಮವರಿಗೆ ಈ ಕಾಳಜಿಯ ಪರಿಚಯ ಚೆನ್ನಾಗಿಯೇ ಇದ್ದೀತು! ಬ್ರಿಟನ್ನಿನಲ್ಲಂತೂ ಆ ಪ್ರಶ್ನೆ ಗಾದೆಯ ಮಟ್ಟಕ್ಕೆ ಏರಿತು.

ಮಾಲೆ ಆರಂಭವಾದಾಗ ಆಕೆಗೆ ಎಪ್ಪತ್ತಾರು. ಹಾಸ್ಯಗಾರ್ತಿಯೆಂದು ನಕ್ಕು ಮರೆಯಬಹುದಾದ ಪಾತ್ರವನ್ನು ಆಕೆ ಯಾವ ಎತ್ತರಕ್ಕೆ ಒಯ್ದಳೆಂಬುದು ತಿಳಿದದ್ದು 2006ರ ಅಕ್ಟೋಬರಿನಲ್ಲಿ. ಆರು ವರ್ಷಗಳ ಅಂತರದ ಮೇಲೆ 'ದಿ ಕ್ವೀನ್ ಆಫ್ ಷೀಬಾ' ಎಂಬ ವಿಶೇಷ ಕಂತು ಬಂದಿತು. ಅಜ್ಜಿ ಹಾಸಿಗೆ ಹಿಡಿದಿದ್ದಾಳೆ. ಆಸ್ಪತ್ರೆಯಲ್ಲಲ್ಲ, ವೃದ್ಧಾಶ್ರಮದಲ್ಲಲ್ಲ, ಟೆಲಿವಿಷನ್ ಇರುವ ಅದೇ ಕೋಣೆಯಲ್ಲಿ ಆಕೆಯ ಮಂಚ. ಸುತ್ತ ಮನೆಯವರ ಅದೇ ಹರಟೆ, ಅದೇ ಚಹ. ಒಂದು ದೃಶ್ಯದಲ್ಲಿ ಬಾರ್ಬರಾ ತಾಯಿಯ ಪಕ್ಕದಲ್ಲಿ ಕುಳಿತು ಆಕೆಯ ನರೆಗೂದಲನ್ನು ಮೃದುವಾಗಿ ಬಾಚಿ ಒಪ್ಪಮಾಡುತ್ತಾಳೆ. ದೊಡ್ಡ ಮಾತುಗಳಿಲ್ಲ, ವಿದಾಯದ ಸಂಗೀತವಿಲ್ಲ. ಇಬ್ಬರಿಗೂ ತಿಳಿದಿದೆ, ಇಬ್ಬರೂ ಹೇಳುವುದಿಲ್ಲ. ಹಿರಿಯರೊಬ್ಬರ ಕೊನೆಯ ದಿನಗಳನ್ನು ಮನೆಯಲ್ಲಿಯೇ ಕಂಡ ಯಾರೂ ಆ ದೃಶ್ಯವನ್ನು ಒಣಗಿದ ಕಣ್ಣಿನಿಂದ ನೋಡಲಾರರು. ಅಜ್ಜಿ ತೀರಿಕೊಳ್ಳುತ್ತಾಳೆ, ಮೊಮ್ಮಗಳಿಗೆ ಹುಟ್ಟಿದ ಹೆಣ್ಣುಮಗುವಿಗೆ ನಾರ್ಮಾ ಎಂದೇ ಹೆಸರಾಗುತ್ತದೆ.

ಎಂಬತ್ತನಾಲ್ಕರ ಪ್ರಾಯದಲ್ಲಿ, ತನ್ನ ಸಾವು ದೂರವಿಲ್ಲದ ಕಾಲದಲ್ಲಿ, ಒಬ್ಬ ನಟಿ ಕ್ಯಾಮರಾದ ಮುಂದೆ ಸಾವನ್ನು ಇಷ್ಟು ಸರಳವಾಗಿ ಅಭಿನಯಿಸುವುದು ಸಾಮಾನ್ಯವಾದ ಮಾತಲ್ಲ. 'ಹಾರ್ಡ್ ಲೇಬರ್'ನ ಮಿಸೆಸ್ ಥಾರ್ನ್‌ಲಿಯಲ್ಲಿ ಕಂಡಿದ್ದ ಆ ಮೌನವೇ ಮೂವತ್ತಮೂರು ವರ್ಷಗಳ ತರುವಾಯ ಇಲ್ಲಿ ಮತ್ತೆ ಕಾಣಿಸಿಕೊಂಡಿತು. ಮರುವರ್ಷ ಈ ಕಂತಿಗೆ ಬಾಫ್ಟಾ ಪ್ರಶಸ್ತಿ ದೊರೆಯಿತು. 2007ರ ಬ್ರಿಟಿಷ್ ಕಾಮಿಡಿ ಪ್ರಶಸ್ತಿಗಳಲ್ಲಿ ಶ್ರೇಷ್ಠ ಟೆಲಿವಿಷನ್ ಹಾಸ್ಯನಟಿಯ ಗೌರವ ಲಿಜ್ ಸ್ಮಿತ್‌ಳದಾಯಿತು. ಗಮನಿಸಬೇಕು: ಇಲ್ಲಿ 'ಪೋಷಕ' ಎಂಬ ವಿಶೇಷಣವಿರಲಿಲ್ಲ.

ಈ ನಡುವೆ 2005ರ 'ಚಾರ್ಲಿ ಅಂಡ್ ದಿ ಚಾಕೊಲೇಟ್ ಫ್ಯಾಕ್ಟರಿ' ಚಿತ್ರದಲ್ಲಿ ಒಂದೇ ಮಂಚದ ಮೇಲೆ ಮಲಗಿರುವ ನಾಲ್ವರು ಅಜ್ಜ ಅಜ್ಜಿಯರಲ್ಲಿ ಒಬ್ಬಳಾಗಿ ಪ್ರಪಂಚದ ಮಕ್ಕಳಿಗೆಲ್ಲ ಕಾಣಿಸಿಕೊಂಡಳು. 2008ರಲ್ಲಿ 'ಲಾರ್ಕ್ ರೈಸ್ ಟು ಕ್ಯಾಂಡಲ್‌ಫರ್ಡ್' ಎಂಬ ಬಿ.ಬಿ.ಸಿ. ಮಾಲೆಯಲ್ಲಿ ಅಂಚೆ ಕಚೇರಿಯ ಮನೆಯ ಮುದಿ ಕೆಲಸದಾಕೆ ಜಿಲ್ಲಾ ಆದಳು. 2009ರಲ್ಲಿ ಮೇಲಿಂದ ಮೇಲೆ ಪಾರ್ಶ್ವವಾಯುವಿನ ಆಘಾತಗಳಾದವು. ಮಾತುಗಳನ್ನು ನೆನಪಿಡುವುದು ಇನ್ನು ಆಗದೆಂದು ಕಂಡು, ಎಂಬತ್ತೇಳನೆಯ ವಯಸ್ಸಿನಲ್ಲಿ ಅಭಿನಯದಿಂದ ನಿವೃತ್ತಳಾದಳು. ಅದೇ ವರ್ಷ ಬ್ರಿಟಿಷ್ ಸರ್ಕಾರದ ಎಂ.ಬಿ.ಇ. ಪದವಿ ಬಂದಿತು. ಅದೇ ವರ್ಷವೇ ಸಣ್ಣಕಥೆಗಳ ಒಂದು ಸಂಕಲನವನ್ನೂ ಪ್ರಕಟಿಸಿದಳೆಂದರೆ ಆ ಜೀವದ ಛಲವನ್ನು ಊಹಿಸಬಹುದು.

2016ರ ಜುಲೈ ತಿಂಗಳಲ್ಲಿ, ನಾನಾ ಅಜ್ಜಿಯನ್ನು ಸೃಷ್ಟಿಸಿದ ಕೆರೊಲೀನ್ ಅಹರ್ನ್ ಐವತ್ತೆರಡನೆಯ ವಯಸ್ಸ್ಸಿಗೇ ಕ್ಯಾನ್ಸರ್ ರೋಗದಿಂದ ತೀರಿಕೊಂಡಳು. ಅಜ್ಜಿಯಾಗಿದ್ದವಳು ಮೊಮ್ಮಗಳ ಮರಣದ ಸುದ್ದಿಯನ್ನು ಕೇಳಬೇಕಾಯಿತು. ಅದೇ ವರ್ಷದ ಕ್ರಿಸ್‌ಮಸ್ ಹಿಂದಿನ ದಿನ, ಡಿಸೆಂಬರ್ 24ರಂದು, ಲಿಜ್ ಸ್ಮಿತ್ ತೊಂಬತ್ತೈದು ವರ್ಷ ತುಂಬಿ ಹದಿಮೂರು ದಿನ ಕಳೆದ ಮೇಲೆ ನಿಧನಳಾದಳು. ಹತ್ತು ವರ್ಷಗಳ ಹಿಂದೆ ಆಕೆ ಬರೆದ ಆತ್ಮಕಥೆಯ ಹೊದಿಕೆಯ ಮೇಲೆ ರಂಗದ ಹೆಸರು ಲೇಖಕಿಯ ಸ್ಥಾನದಲ್ಲಿದೆ. ಪುಸ್ತಕದ ಹೆಸರು ಮಾತ್ರ 'ಅವರ್ ಬೆಟ್ಟಿ', ಅಂದರೆ 'ನಮ್ಮ ಬೆಟ್ಟಿ'.